ಲಾಡಿ ಸತ್ಯಾಗ್ರಹ

ನಮ್ಮ ಸೋದರತ್ತೆ ಒಬ್ಬ ಪಾಳೇಗಾರನನ್ನು ಅವನ ನಲವತ್ತು ಜನ ಸೈನಿಕರ ಸಮೇತ ಒಂದೇ ಬೆಳಿಗ್ಗೆ ಸೋಲಿಸಿದ್ದಾಳೆ ಎಂದರೆ ನೀವು ನಗುತ್ತೀರಿ. ನಗಿ, ಪರವಾಗಿಲ್ಲ. ದುರ್ಗದ ಸೀಮೆಯ ಹೆಂಗಸು ಸೈನ್ಯ ಸೋಲಿಸಿದಳು ಅಂದ ಕೂಡಲೇ ನಿಮ್ಮ ಕಣ್ಣ ಮುಂದೆ ಒನಕೆ ಬಂದು ನಿಂತಿರುತ್ತದೆ, ಅದೂ ನನಗೆ ಗೊತ್ತು. ಆದರೆ ನಮ್ಮತ್ತೆಯ ಕೈಯಲ್ಲಿ ಇದ್ದದ್ದು ಒನಕೆಯಲ್ಲ, ಒಂದು ಹಳೇ ಟೂತ್ ಬ್ರಷ್ಷಿನ ಹಿಡಿ! ಒಂದು ಹನಿ ರಕ್ತ ಹರಿಯಲಿಲ್ಲ. ಸೈನಿಕರು ಸೊಂಟ ಹಿಡಿದುಕೊಂಡು ನಿಂತಲ್ಲೇ ನಿಂತರು, ಅಷ್ಟೆ. ಈ ಯುದ್ಧದಲ್ಲಿ ನನ್ನದೂ ಒಂದು ಪಾತ್ರವಿತ್ತು. ನಾನು ಕುಳಿತಿದ್ದೆ. ಎಲ್ಲಿ, ಯಾತರ ಮೇಲೆ ಎಂಬುದನ್ನು ಆಮೇಲೆ ಹೇಳುತ್ತೇನೆ. ನಾನು ಸರ್ಕಾರಿ ಶಾಲೆಯ ಮೇಷ್ಟ್ರು, ಹಿಂದೆ ಮುಂದೆ ನೋಡಿಕೊಂಡು ಹೇಳಬೇಕಾಗುತ್ತದೆ.

ಅತ್ತೆಯ ಮನೆ ಹೊಸದುರ್ಗದಲ್ಲಿ. ಮುಂದಿನ ಕೋಣೆ ಅಂಗಡಿ, ಹಿಂದಿನ ಕೋಣೆ ಸಂಸಾರ. ಅಂಗಡಿಯಲ್ಲಿ ನಾಟಕದ ಡ್ರೆಸ್ಸು ಬಾಡಿಗೆಗೆ ಸಿಗುತ್ತದೆ. ಮಾವ ಹೊಲಿಯುತ್ತಾನೆ. ಅತ್ತೆ ಒಗೆದು, ಇಸ್ತ್ರಿ ಮಾಡಿ, ಟ್ರಂಕಿಗೆ ತುಂಬಿ, ಆ ಟ್ರಂಕಿನ ಜೊತೆಗೇ ಊರೂರಿಗೆ ಹೋಗುತ್ತಾಳೆ; ಮೂವತ್ತು ವರ್ಷದಿಂದ ಹೋಗುತ್ತಿದ್ದಾಳೆ. ಅವರ ಹಿತ್ತಲ ಹಗ್ಗದ ಮೇಲೆ ಯಾವಾಗ ನೋಡಿದರೂ ಇಬ್ಬರು ರಾಜರು, ಒಬ್ಬ ಋಷಿ, ಒಂದು ಕೋತಿಯ ಬಾಲ ಒಣಗುತ್ತಿರುತ್ತವೆ. ಮಧ್ಯೆ ಎಲ್ಲೋ ಮಾವನ ಬನಿಯನ್ನು.

ಇಂಥ ಮನೆಯಲ್ಲಿ ಇದ್ದವಳಿಗೆ ನಾಟಕ, ಸಿನಿಮಾ ಎಂದರೆ ಪ್ರಾಣ ಇರಬೇಕು ಎಂದು ನೀವು ಅಂದುಕೊಳ್ಳುತ್ತೀರಿ. ಇಲ್ಲಿಂದಲೇ ನನ್ನ ಕುತೂಹಲ ಶುರುವಾಗುವುದು. ಅತ್ತೆಗೆ ಕಥೆ ಬೇಡವೇ ಬೇಡ! ಟೀವಿಯಲ್ಲಿ ನಾಯಕಿ ಬಿಕ್ಕಿ ಬಿಕ್ಕಿ ಅಳುತ್ತಿದ್ದರೆ ನಾವೆಲ್ಲ ಮೂಗು ಒರೆಸಿಕೊಳ್ಳುತ್ತೇವೆ, ಅತ್ತೆ ಮಾತ್ರ ಕುರ್ಚಿಯಿಂದ ಮುಂದಕ್ಕೆ ಬಾಗಿ, "ಸೆರಗಿನ ನೆರಿಗೆ ನೋಡ್ಲೇ, ಒಂದೂ ಹಂಗೆ ಹಿಂಗೆ ಆಗಿಲ್ಲ. ಪಿನ್ನು ಹಾಕಿದೋಳು ಯಾರೋ, ಕೈಗೆ ಕಡಗ ಹಾಕ್ಬೇಕು" ಅನ್ನುತ್ತಾಳೆ. ಧಾರಾವಾಹಿ ಮುಗಿದು ಹೆಸರುಗಳು ಬರುವಾಗ ನೀವು ರಿಮೋಟಿಗೆ ಕೈ ಹಾಕಿದಿರೋ, ಸತ್ತಿರಿ! ಆ ಹೆಸರುಗಳೋ ಬಾಲಕ್ಕೆ ಬೆಂಕಿ ಬಿದ್ದವರ ಹಾಗೆ ಓಡುತ್ತವೆ. ಅತ್ತೆಗೆ ಅಕ್ಷರ ನಿಧಾನ. ಹಾಗಾಗಿ ನಾನು ಹೋದಾಗಲೆಲ್ಲ ಓದುವ ಕೆಲಸ ನನ್ನದು. "ಲೈಟ್ಸ್ ಯಾರು? ಓದಲೇ. ಬಟ್ಟೆ ಯಾರು? ಅಡಿಗೆ ಯಾರು?" ನಾನು ಒಂದೇ ಉಸಿರಿಗೆ ಓದಬೇಕು. ಒಮ್ಮೆ ಉಸಿರು ಸಾಲದೆ ಬಟ್ಟೆಯವರನ್ನು ಬಿಟ್ಟೆ. ಅತ್ತೆ ಒಂದು ವಾರ ನನ್ನ ಜೊತೆ ಮಾತು ಬಿಟ್ಟಳು.

ಇದು ಈಗ ಬಂದ ಚಾಳಿಯಲ್ಲ. ಅತ್ತೆಯ ಮದುವೆಯ ಕಥೆಯನ್ನು ನಮ್ಮಜ್ಜಿ ಹಲ್ಲು ಕಡಿದುಕೊಂಡೇ ಹೇಳುತ್ತಿದ್ದಳು. ಮುಹೂರ್ತ ಹತ್ತಿರ ಬಂದಿದೆ, ಹುಡುಗ ಹಸೆಮಣೆಯ ಮೇಲೆ ಕುಳಿತಿದ್ದಾನೆ, ಹುಡುಗಿ ಮಾತ್ರ ಕಂಬಕ್ಕೆ ಒರಗಿ ನಿಂತುಬಿಟ್ಟಿದ್ದಾಳೆ. ಏನು ಅಂದರೆ, ವಾಲಗದವರು ಬೆಳಿಗ್ಗೆಯಿಂದ ಊದುತ್ತಿದ್ದಾರೆ, ಅವರಿಗೆ ಉಪ್ಪಿಟ್ಟು ಕೊಟ್ಟಿಲ್ಲ. ಅಜ್ಜಿ ಬೈದಳು, "ಅವ್ರು ಕೊನೇ ಪಂಕ್ತಿಗೆ ಉಣ್ಣಾದು ಪದ್ಧತಿ ಕಣೇ!" ಅದಕ್ಕೆ ಮದುಮಗಳ ಉತ್ತರ: "ಹಸ್ಕಂಡೋನು ಊದಿದ್ರೆ ಅದು ವಾಲಗ ಅಲ್ಲಮ್ಮ, ಶಾಪ. ಅವ್ರು ಉಂಡ ಮ್ಯಾಲೆ ನಾನು ಕುಂತ್ಕಂತೀನಿ." ಪುರೋಹಿತರು ಗಡಿಯಾರ ನೋಡಿದರು, ಬೀಗರು ಮುಖ ಮುಖ ನೋಡಿದರು. ಆಗ ಹಸೆಯ ಮೇಲಿದ್ದ ಮಾವ ಎದ್ದ. ಮದುವೆ ಮುರಿಯಿತು ಅಂತ ಅಜ್ಜಿ ಎದೆ ಹಿಡಿದುಕೊಂಡಳು. ಮಾವ ನೆಟ್ಟಗೆ ಅಡಿಗೆ ಮನೆಗೆ ಹೋಗಿ, ಎಲೆ ಹಾಕಿಸಿ, ವಾಲಗದವರ ಪಕ್ಕ ತಾನೂ ಕುಳಿತು ಉಪ್ಪಿಟ್ಟು ತಿಂದ. ಅವನಿಗೂ ಬೆಳಿಗ್ಗೆಯಿಂದ ಯಾರೂ ಏನೂ ಕೊಟ್ಟಿರಲಿಲ್ಲವಂತೆ!

ನನ್ನನ್ನೂ ಬಿಟ್ಟಿದ್ದಾಳೆಯೇ? ನಾನಿರುವುದು ಹಿರೇಗುಂಟನೂರಿನಲ್ಲಿ. ನಮ್ಮ ಶಾಲೆಯ ವಾರ್ಷಿಕೋತ್ಸವಕ್ಕೆ ಮಕ್ಕಳ ಡ್ರೆಸ್ಸು ತಂದಿದ್ದ ಅತ್ತೆ ಸಭೆಯ ಹಿಂದಿನ ಸಾಲಿನಲ್ಲಿ ಕುಳಿತಿದ್ದಳು. ವಂದನಾರ್ಪಣೆ ನನ್ನದು. ಅಧ್ಯಕ್ಷರಿಂದ ಹಿಡಿದು ಅಧ್ಯಕ್ಷರ ಕಾರಿನವರೆಗೂ ವಂದಿಸಿ ಮುಗಿಸುವಷ್ಟರಲ್ಲಿ ಹಿಂದಿನಿಂದ ಕೂಗು ಬಂತು.

"ಲೇ ಮೇಷ್ಟ್ರೇ! ಮೈಕು ಹಾಕಿದೋನ ಹೆಸರು ಯಾಕೆ ಹೇಳ್ಲಿಲ್ಲ? ಅವನಿಲ್ದಿದ್ರೆ ನಿನ್ನ ಭಾಷಣ ನಿನಗೇ ಕೇಳ್ತಿರ್ಲಿಲ್ಲ!"

ಸಭೆ ಹೋ ಎಂದಿತು. ನಾನು ಬೆವತು, ಪಕ್ಕದವರನ್ನು ಕೇಳಿ, ಆ ಮೈಕಿನವನ ಹೆಸರನ್ನು ಗಟ್ಟಿಯಾಗಿ ಮೈಕಿನಲ್ಲಿ ಹೇಳಿದೆ. ಪೆಟ್ಟಿಗೆಯ ಹಿಂದೆ ತೂಕಡಿಸುತ್ತಿದ್ದ ಅವನು ತನ್ನ ಹೆಸರು ಕೇಳಿ ಬೆಚ್ಚಿಬಿದ್ದು ಮೈಕನ್ನೇ ಆಫ್ ಮಾಡಿಬಿಟ್ಟ! ಪಾಪ, ಅವನ ತಪ್ಪೇನು? ಅಷ್ಟು ವರ್ಷದ ಸರ್ವೀಸಿನಲ್ಲಿ ಮೈಕಿನಲ್ಲಿ ಅವನ ಹೆಸರು ಕೂಗಿದವರೆಲ್ಲ ಬೈಯುವುದಕ್ಕೇ ಕೂಗಿದವರು. ನನ್ನ ವಂದನಾರ್ಪಣೆ ಇವತ್ತಿಗೂ ಅರ್ಧಕ್ಕೇ ನಿಂತಿದೆ.

ಹೀಗಿರುವಾಗ ನಮ್ಮೂರಿನ ಹತ್ತಿರದ ಒಂದು ಬೋಳು ಗುಡ್ಡದ ಕೆಳಗೆ ಧಾರಾವಾಹಿಯವರು ಬಂದಿಳಿದರು. ಪಾಳೇಗಾರರ ಕಾಲದ ಕಥೆ. ಪ್ಲೈವುಡ್ಡಿನ ಕೋಟೆ, ಥರ್ಮಕೋಲಿನ ಬಂಡೆ. ಮಾರು ದೂರಕ್ಕೊಂದು ನಿಜವಾದ ಬಂಡೆ ಇರುವ ಜಿಲ್ಲೆಗೆ ಬಂದು ಬಂಡೆ ಮಾಡುತ್ತಾರಲ್ಲ ಎಂದು ಊರವರು ಹೋಗಿ ಮುಟ್ಟಿ ಮುಟ್ಟಿ ನೋಡಿ ಬಂದರು. ಇನ್ನೊಂದು ಪೇಚು ಗಾಳಿಯಂತ್ರದ್ದು. ಕ್ಯಾಮೆರಾ ಸ್ವಲ್ಪ ಎಡಕ್ಕೆ ತಿರುಗಿದರೂ ದೂರದ ಗುಡ್ಡದ ಮೇಲೆ ಬಿಳೀ ರೆಕ್ಕೆ ಗಿರ್ರನೆ ತಿರುಗುತ್ತಿತ್ತು. ಡೈರೆಕ್ಟರು ದಿನಕ್ಕೆ ಹತ್ತು ಸಲ "ಫ್ಯಾನ್ ಬಂತು, ಫ್ಯಾನ್ ಬಂತು, ಕಟ್!" ಎಂದು ತಲೆ ಚಚ್ಚಿಕೊಳ್ಳುತ್ತಿದ್ದರು.

ಈ ಸೈನ್ಯದ ಬಟ್ಟೆ ಒಗೆದು, ಇಸ್ತ್ರಿ ಮಾಡಿ, ಹರಿದದ್ದನ್ನು ಹೊಲಿಯಲು ಅತ್ತೆಯನ್ನು ಒಂದು ತಿಂಗಳಿಗೆ ಗೊತ್ತು ಮಾಡಿದರು. ಅತ್ತೆ ಇಸ್ತ್ರಿಪೆಟ್ಟಿಗೆಯ ಸಮೇತ ನಮ್ಮ ಮನೆಗೆ ಬಂದಳು. ಬೆಳಕು ಹರಿಯುವ ಮುಂಚೆ ಹೋಗುವಳು, ದೀಪ ಹಚ್ಚುವ ಹೊತ್ತಿಗೆ ಬರುವಳು. ಬಂದವಳು ನಾನು ಕೇಳಿದ ಒಂದಕ್ಕೂ ಉತ್ತರ ಕೊಡುವವಳಲ್ಲ. ನಾಯಕ ಹೇಗಿದ್ದಾನೆ ಅತ್ತೆ? "ಸೊಂಟ ಮೂವತ್ತೆಂಟು." ನಾಯಕಿ? "ಬೆವರು ಜಾಸ್ತಿ, ಕುಬುಸ ದಿನಾ ಒಗೀಬೇಕು." ಕಥೆ? "ಯಾವ ಕಥೆ?"

ಒಂದು ವಾರವಾದ ಮೇಲೆ ಮಾತ್ರ ಅತ್ತೆ ತಾನಾಗಿಯೇ ಬಾಯಿ ಬಿಟ್ಟಳು. ಸೆಟ್ಟಿನಲ್ಲಿ ತೆರೆಯ ಹಿಂದೆ ಕೆಲಸ ಮಾಡುವ ಹೆಂಗಸರು ಐದು ಜನ. ಅತ್ತೆ, ನಾಯಕಿಗೆ ತಲೆ ಬಾಚುವ ರೇಷ್ಮಾ ಎಂಬ ಹಿರಿಯೂರಿನ ಹುಡುಗಿ, ಕಾಫಿ ಲೋಟ ತೊಳೆಯುವ ನಮ್ಮೂರಿನ ತಿಪ್ಪಮ್ಮ, ಮತ್ತೆ ಕಸ ಗುಡಿಸುವ ಇಬ್ಬರು. ನಾಯಕನಿಗೆ, ನಾಯಕಿಗೆ, ಡೈರೆಕ್ಟರಿಗೆ ಒಂದೊಂದು ತಂಪು ವ್ಯಾನು ಇದೆ, ಅದರಲ್ಲಿ ಕಕ್ಕಸೂ ಇದೆ. ಈ ಐವರಿಗೆ ಇರುವುದು ಜಾಲಿ ಪೊದೆ. ಒಬ್ಬಳು ಹೋದರೆ ಇಬ್ಬರು ಸೀರೆ ಹಿಡಿದು ಕಾವಲು ನಿಲ್ಲಬೇಕು. ಅದನ್ನೂ ಹೇಗೋ ಸುಧಾರಿಸಿಕೊಂಡು ಹೋಗುತ್ತಿದ್ದರು.

"ನಿನ್ನೆಯಿಂದ ಅದೇನೋ ಡ್ರೋನು ತಂದವ್ರೆ ಕಣೋ" ಅಂದಳು ಅತ್ತೆ. "ಕ್ಯಾಮೆರಾ ಹದ್ದಿನಂಗೆ ತಲೆ ಮ್ಯಾಲೆ ಸುತ್ತತೈತೆ. ಸುತ್ತ ಸೀರೆ ಹಿಡೀಬೌದು. ಆಕಾಶಕ್ಕೆ ಹೆಂಗೆ ಹಿಡಿಯಾದು?"

ನಾನು ನಕ್ಕುಬಿಟ್ಟೆ. ಅತ್ತೆ ನಗಲಿಲ್ಲ. ಆ ಐವರೂ ಬೆಳಿಗ್ಗೆಯಿಂದ ಸಂಜೆಯವರೆಗೆ ನೀರು ಕುಡಿಯುವುದನ್ನೇ ಬಿಟ್ಟಿದ್ದರು, ನಮ್ಮ ಸೀಮೆಯ ಈ ಬಿಸಿಲಿನಲ್ಲಿ! ಮೂರನೆಯ ದಿನ ರೇಷ್ಮಾ ಜ್ವರ ಬಂದು, ಹೊಟ್ಟೆ ಹಿಡಿದುಕೊಂಡು, ನಾಯಕಿಯ ಜಡೆಯ ಮೇಲೇ ಒರಗಿದಳು. ಅತ್ತೆ ಅವಳನ್ನು ಬಸ್ಸು ಹತ್ತಿಸಿ ಚಿತ್ರದುರ್ಗದ ಡಾಕ್ಟರ ಹತ್ತಿರ ಕರೆದುಕೊಂಡು ಹೋದಳು, ಜೊತೆಗೆ ನಾನು. ಡಾಕ್ಟರು ನೋಡಿ, ಮಾತ್ರೆ ಬರೆದು, "ಇನ್ಫೆಕ್ಷನ್ ಆಗಿದೆ, ಉರಿ ಅದಕ್ಕೇ. ಚೆನ್ನಾಗಿ ನೀರು ಕುಡಿಯಬೇಕಮ್ಮ, ದಿನಕ್ಕೆ ಮೂರು ಲೀಟರ್" ಎಂದರು.

ಅತ್ತೆ ಚೀಟಿಯನ್ನು ವಾಪಸ್ಸು ಅವರ ಮುಂದೆ ಇಟ್ಟಳು. "ಮೂರು ಲೀಟರ್ ಅಂತ ಬರದ್ರಿ, ಚಲೋ ಆತು. ಕುಡಿದ್ಮ್ಯಾಲೆ ಎಲ್ಲಿಗೆ ಹೋಗ್ಬೇಕು ಅಂತನೂ ಇದ್ರಾಗೇ ಬರೀರಿ ಸಾಹೇಬ್ರೆ."

ಡಾಕ್ಟರು ಪೆನ್ನು ಹಿಡಿದುಕೊಂಡು ನನ್ನ ಮುಖ ನೋಡಿದರು. ನಾನು ಗೋಡೆಯ ಮೇಲಿನ ಕ್ಯಾಲೆಂಡರ್ ನೋಡಿದೆ.

ಮಾರನೆಯ ದಿನವೇ ಸೆಟ್ಟಿನ ಪಕ್ಕದ ಹುಣಸೆಮರದ ಕೆಳಗೆ ಸಂಘ ಹುಟ್ಟಿತು. ತೆರೆಮರೆಯ ಮಹಿಳಾ ಕಾರ್ಮಿಕರ ಸಂಘ. ಅತ್ತೆ ಅಧ್ಯಕ್ಷೆ, ತಿಪ್ಪಮ್ಮ ಉಪಾಧ್ಯಕ್ಷೆ, ರೇಷ್ಮಾ ಕಾರ್ಯದರ್ಶಿ, ಗುಡಿಸುವ ಇಬ್ಬರು ಸಹಕಾರ್ಯದರ್ಶಿಗಳು. ಬರೀ ಸದಸ್ಯರು ಅಂತ ಒಬ್ಬರೂ ಉಳಿಯಲಿಲ್ಲ. ಮನವಿ ಬರೆಯುವುದಕ್ಕೆ ನನ್ನನ್ನು ಕರೆದರು. ನಾನೋ ಕನ್ನಡ ಮೇಷ್ಟ್ರು, ಬಿಟ್ಟೇನೆಯೇ? "ಮಾನ್ಯರಲ್ಲಿ ಸವಿನಯ ವಿಜ್ಞಾಪನೆ. ತಮ್ಮ ಘನ ಚಿತ್ರೀಕರಣ ತಾಣದಲ್ಲಿ ಮಹಿಳಾ ಸಿಬ್ಬಂದಿಯು ಮೂಲಭೂತ ಸೌಕರ್ಯಗಳ ಅಲಭ್ಯತೆಯಿಂದ ಅನುಭವಿಸುತ್ತಿರುವ ಅನನುಕೂಲತೆಗಳತ್ತ..." ಎಂದು ಒಂದು ಪುಟ ತುಂಬಿಸಿ, ದನಿ ಏರಿಸಿ ಇಳಿಸಿ ಓದಿದೆ. ಐವರೂ ಗಂಭೀರವಾಗಿ ಕೇಳಿದರು. ಕೊನೆಗೆ ತಿಪ್ಪಮ್ಮ ಮೆಲ್ಲಗೆ, "ಇದ್ರಾಗೆ ಕಕ್ಕಸು ಎಲ್ಲಿ ಬಂತು ಸಾರ್?" ಎಂದಳು.

"ಬರದಿಲ್ಲ ಅವ್ನು! ನಾಚ್ಕಂಡವ್ನೆ" ಅಂದಳು ಅತ್ತೆ. "ಹಾಳೆ ತಿರುವು. ನಾನು ಹೇಳ್ದಂಗೆ ಬರಿ. ಹೆಂಗಸ್ರಿಗೆ ಒಂದು ಕಕ್ಕಸು ಬೇಕು. ಮ್ಯಾಲೆ ಸೂರು ಬೇಕು. ಬಾಗಲು ಬೇಕು. ಬಾಗಲಿಗೆ ಒಳಗಡೆಯಿಂದ ಚಿಲಕ ಬೇಕು. ಆತು. ಸೈನ್ ಮಾಡ್ರಿ ಎಲ್ರೂ."

ನನ್ನ ಇಪ್ಪತ್ತು ವರ್ಷದ ಕನ್ನಡ ಪಾಠ ನಾಲ್ಕು ಸಾಲಿನಲ್ಲಿ ಮಣ್ಣುಪಾಲಾಯಿತು.

ಶೂಟಿಂಗಿನ ಮ್ಯಾನೇಜರು ಕೆಟ್ಟವರೇನಲ್ಲ. ಎಲ್ಲರಿಗೂ ಎಲ್ಲದಕ್ಕೂ "ನಾಳೆ" ಅನ್ನುವ ಮನುಷ್ಯ, ಅಷ್ಟೆ. ಮನವಿ ಓದಿ ನಕ್ಕರು. "ಅಮ್ಮಾ, ಇದು ಪಾಳೇಗಾರರ ಕಾಲದ ಸೆಟ್ಟು. ಆ ಕಾಲದಲ್ಲಿ ಟಾಯ್ಲೆಟ್ ಎಲ್ಲಿತ್ತು ಹೇಳಿ?"

"ಹಂಗಾದ್ರೆ ಆ ಕಾಲದಾಗೆ ಆ ಮೂರು ವ್ಯಾನು ಎಲ್ಲಿದ್ವು?"

"ಅಯ್ಯೋ, ಅವು ಆರ್ಟಿಸ್ಟುಗಳಿಗಮ್ಮ. ಆಯ್ತು, ನಾಳೆ ನೋಡೋಣ."

ನಾಳೆಗಳು ಸಾಲಾಗಿ ನಾಲ್ಕು ಕಳೆದವು. ರೇಷ್ಮಾ ಮಾತ್ರೆ ನುಂಗಿಕೊಂಡು, ನೀರು ಕುಡಿಯದೆ, ಕೆಲಸಕ್ಕೆ ಬಂದಳು. ಬರದಿದ್ದರೆ ಇನ್ನೊಬ್ಬಳು ಬರುತ್ತಾಳೆ, ಅದು ಅವಳಿಗೆ ಗೊತ್ತಿತ್ತು. ಐದನೆಯ ನಾಳೆ ಭಾನುವಾರ. ಅವತ್ತು ದೊಡ್ಡ ಯುದ್ಧ. ಹೊಳಲ್ಕೆರೆ ಕಡೆಯಿಂದ ಸೈನಿಕರಾಗಲು ನಲವತ್ತು ಜನ ಹುಡುಗರು ಬರುವವರಿದ್ದರು, ಆರು ಕುದುರೆ ಬರುವವಿದ್ದವು, ಡ್ರೋನು ಮೇಲಿಂದ ಹಿಡಿಯುವುದಿತ್ತು. ಶನಿವಾರ ಮಧ್ಯಾಹ್ನವೇ ಅತ್ತೆ ಸೈನ್ಯದ ಬಟ್ಟೆಯನ್ನೆಲ್ಲ ನಮ್ಮ ಮನೆಗೆ ತರಿಸಿಕೊಂಡಳು. ಸಂಜೆ ನೋಡುತ್ತೇನೆ, ನಡುಮನೆಯ ತುಂಬ ಪೈಜಾಮಗಳ ಗುಡ್ಡ, ಇಸ್ತ್ರಿಯಾಗಿ ಗರಿಗರಿಯಾಗಿವೆ. ಅತ್ತೆ ಒಂದೊಂದನ್ನೇ ಮಡಿಲಲ್ಲಿಟ್ಟುಕೊಂಡು ಸೊಂಟದ ಹತ್ತಿರ ಏನೋ ಮಾಡುತ್ತಿದ್ದಳು. ಲಾಡಿ ಪೋಣಿಸುತ್ತಿದ್ದಾಳೆ ಅಂದುಕೊಂಡೆ. ಗಂಡಸರಿಗೆ ಇಂಥದ್ದೆಲ್ಲ ದೂರದಿಂದ ನೋಡಿದರೆ ಹಾಕುವುದೂ ತೆಗೆಯುವುದೂ ಒಂದೇ ತರಹ ಕಾಣುತ್ತದೆ.

ಭಾನುವಾರ ಬೆಳಿಗ್ಗೆ ನನ್ನನ್ನೂ ಎಬ್ಬಿಸಿದಳು. "ಎದ್ದೇಳು, ಶೂಟಿಂಗ್ ನೋಡಾಕೆ ಹೋಗಾಣ." ಎಂದೂ ಕರೆಯದವಳು! ಸೆಟ್ಟಿಗೆ ಹೋದ ಕೂಡಲೇ ಹುಣಸೆಮರದ ಕೆಳಗೆ ಒಂದು ಬಟ್ಟೆಯ ಚೀಲ ಇಟ್ಟು, "ಇದ್ರ ಮ್ಯಾಲೆ ಕುಂತ್ಕ. ನಾನು ಹೇಳಾ ತನಕ ಏಳ್ಬ್ಯಾಡ" ಎಂದಳು. ಮೆತ್ತಗಿತ್ತು, ಕುಳಿತೆ.

ನಲವತ್ತು ಜನ ಸೈನಿಕರು ಡ್ರೆಸ್ಸಿನ ಟೆಂಟಿಗೆ ನುಗ್ಗಿದರು. ಆಮೇಲೆ ಒಬ್ಬ ತಲೆ ಹೊರಗೆ ಹಾಕಿದ. "ಅಣ್ಣಾ, ಲಾಡಿ ಇಲ್ಲ." ಇನ್ನೊಬ್ಬ, "ನಂದ್ರಾಗೂ ಇಲ್ಲ." ಮತ್ತೊಬ್ಬ, "ಯಾರ್ದ್ರಾಗೂ ಇಲ್ಲ ಕಣ್ರಪ್ಪೋ!" ಅಷ್ಟರಲ್ಲಿ ಪಾಳೇಗಾರರಾಗಿದ್ದ ನಾಯಕನ ವ್ಯಾನಿನ ಬಾಗಿಲು ತೆರೆಯಿತು. ಕಿರೀಟ, ಮೀಸೆ, ಎದೆಗವಚ, ಎಲ್ಲ ಸರಿಯಾಗಿದೆ. ಮಹಾರಾಜರು ಒಂದು ಕೈಯಲ್ಲಿ ಕತ್ತಿ ಹಿಡಿದಿದ್ದರು, ಇನ್ನೊಂದು ಕೈಯಲ್ಲಿ ಮಾನ ಹಿಡಿದಿದ್ದರು!

ಮ್ಯಾನೇಜರು ಓಡಿ ಬಂದರು. "ಏನಮ್ಮಾ ಇದು, ಲಾಡಿ ಎಲ್ಲಿ?"

ಅತ್ತೆ ಇಸ್ತ್ರಿಪೆಟ್ಟಿಗೆಯ ಪಕ್ಕದಲ್ಲಿ ಆರಾಮವಾಗಿ ಕುಳಿತಿದ್ದಳು. "ನೀವು ಗೊತ್ತು ಮಾಡಿರಾದು ಮೂರು ಕೆಲ್ಸಕ್ಕೆ. ಒಗೆಯಾದು, ಇಸ್ತ್ರಿ, ಹೊಲಿಗೆ. ಮೂರೂ ಆಗೈತೆ, ನೋಡ್ಕಳ್ರಿ. ಲಾಡಿ ಮಾತು ಬಂದೇ ಇಲ್ಲ. ಇಷ್ಟು ದಿನ ಹಾಕಿದ್ದು ನನ್ನ ಖುಷಿಗೆ. ಆ ಲಾಡಿನೂ ನನ್ನವೇ, ನನ್ನ ಹಳೇ ಸೀರೆ ಸೀಳಿ ಮಾಡಿದ್ವು."

ನಾನು ಕುಳಿತಿರುವುದು ಆ ಲಾಡಿಗಳ ಮೇಲೇ ಎಂದು ಆಗ ಹೊಳೆಯಿತು. ಮೆತ್ತಗಿದ್ದ ಚೀಲ ಒಮ್ಮೆಲೇ ಮುಳ್ಳಾಯಿತು. ಸರ್ಕಾರಿ ನೌಕರ ಮುಷ್ಕರಕ್ಕೆ ಬೆಂಬಲ ಕೊಡುವುದು ತಪ್ಪು ಅಂತ ಓದಿದ್ದೆ. ಮುಷ್ಕರದ ಮೇಲೆ ಕುಳಿತುಕೊಳ್ಳುವುದು ಯಾವ ನಿಯಮದಡಿ ಬರುತ್ತದೋ ಗೊತ್ತಿರಲಿಲ್ಲ. ಎದ್ದು ಓಡೋಣವೆಂದರೆ ಅತ್ತೆಯ ಕಣ್ಣು ನನ್ನ ಮೇಲೇ ಇದೆ. ಎದ್ದರೆ ಚೀಲ ಕಾಣುತ್ತದೆ. ಹೆದರಿಕೆಯಿಂದಲೇ ಗಟ್ಟಿಯಾಗಿ ಕುಳಿತೆ. ಚಳವಳಿಗಳ ಇತಿಹಾಸದಲ್ಲಿ ಇಂಥ ಹೋರಾಟಗಾರರೂ ಒಂದಿಷ್ಟು ಜನ ಇದ್ದಿರಬೇಕು.

"ಹಗ್ಗ ತನ್ನಿ!" ಎಂದು ಮ್ಯಾನೇಜರು ಕೂಗಿದರು. ಸುತಲಿ ತಂದರು. ಮೊದಲನೆಯ ಸೈನಿಕ "ಜಯವಾಗಲಿ!" ಎಂದು ಕತ್ತಿ ಎತ್ತಿದ ರಭಸಕ್ಕೆ ಸುತಲಿ ಹರಿಯಿತು. ಅವನ ಜಯ ಅಲ್ಲಿಗೇ ಮುಗಿಯಿತು. "ವೈರು ಕಟ್ಟೋ ಟ್ಯಾಗು ಕೊಡಿ" ಎಂದು ಲೈಟಿನವರನ್ನು ಕೇಳಿದರು. ಲೈಟಿನ ಹುಡುಗರ ಪೆಟ್ಟಿಗೆಯಲ್ಲಿ ಟ್ಯಾಗಿನ ಕಟ್ಟು ಕಾಣುವ ಹಾಗೇ ಇತ್ತು. ಅವರ ಪೈಕಿ ಹಿರಿಯನೊಬ್ಬ ಪೆಟ್ಟಿಗೆಯ ಮುಚ್ಚಳ ಮುಚ್ಚಿ, "ಖಾಲಿ ಸಾರ್" ಎಂದ. ಅವನಿಗೆ ಅತ್ತೆ ಏನೂ ಹೇಳಿರಲಿಲ್ಲ. ನಾನು ಆ ಮನುಷ್ಯನ ಮುಖವನ್ನು ಬಹಳ ಹೊತ್ತು ನೋಡಿದೆ.

ಡೈರೆಕ್ಟರು ಆದದ್ದಾಗಲಿ ಎಂದು ಒಂದು ಸಲ ತೆಗೆದೇ ನೋಡಿದರು. ನಲವತ್ತು ಜನ ಎಡಗೈಯಲ್ಲಿ ಸೊಂಟ ಹಿಡಿದುಕೊಂಡು ಓಡಿ ಬಂದರು. ಡೈರೆಕ್ಟರು ಪರದೆ ನೋಡಿ, "ಕಟ್! ಇವರೇನು ಯುದ್ಧಕ್ಕೆ ಹೋಗ್ತಿದಾರೋ, ಹೊಟ್ಟೆ ಕೆಟ್ಟು ಹೋಗ್ತಿದಾರೋ?" ಎಂದು ಕಿರುಚಿದರು.

ತಿಪ್ಪಮ್ಮ ಲೋಟ ತೊಳೆಯುತ್ತಿದ್ದವಳು ತಲೆ ಎತ್ತದೆಯೇ ಅಂದಳು, "ಹೊಟ್ಟೆ ಕೆಟ್ರೆ ಎಲ್ಲಿಗೆ ಹೋಗ್ಬೇಕು ಅಂತ ನಾವೂ ಅದನ್ನೇ ಕೇಳ್ತಿರಾದು ಸಾರ್."

ಡೈರೆಕ್ಟರು ಮ್ಯಾನೇಜರ ಕಡೆ ತಿರುಗಿದರು. ಆಗ ಮನವಿ ಹೊರಗೆ ಬಂತು. ನಾಲ್ಕು ಸಾಲು ಓದಲು ಎಷ್ಟು ಹೊತ್ತು ಬೇಕು? ನನ್ನ ಒಂದು ಪುಟದ ವಿಜ್ಞಾಪನೆ ಇದ್ದಿದ್ದರೆ ಅರ್ಥವಾಗುವಷ್ಟರಲ್ಲಿ ಬಿಸಿಲು ಇಳಿದುಹೋಗುತ್ತಿತ್ತು. "ಇಷ್ಟೇನಾ?" ಎಂದು ಕೇಳಿದರು ಡೈರೆಕ್ಟರು. ನಿಜವಾಗಿಯೂ ಆಶ್ಚರ್ಯಪಟ್ಟು ಕೇಳಿದರು. "ಇಷ್ಟೇಯ" ಅಂದಳು ಅತ್ತೆ.

ಸೆಟ್ಟಿನ ಬಡಗಿಗಳು ಬಂದರು. ಇವರು ಒಂದು ವಾರದಲ್ಲಿ ಅರಮನೆ ಎಬ್ಬಿಸುವ ಜನ, ಕಕ್ಕಸು ಯಾವ ಲೆಕ್ಕ? ಸೈನಿಕರೇ ಲುಂಗಿ ಉಟ್ಟುಕೊಂಡು ಗುಂಡಿ ತೋಡಿದರು. ಮೂರು ಗಂಟೆಯೊಳಗೆ ಗೋಡೆ ಎದ್ದಿತು, ಸೂರು ಬಂತು, ಬಾಗಿಲು ಬಂತು. ಆದರೆ ಅಭ್ಯಾಸ ಬಲ ನೋಡಿ! ಬಣ್ಣದವನು ಕೈ ತಡೆಯದೆ ಅದಕ್ಕೆ ಕಲ್ಲಿನ ಬಣ್ಣ ಬಳಿದ, ಮೇಲೆ ಕೋಟೆಗೋಡೆಯ ಹಲ್ಲಿನಂಥ ತೆನೆ ಇಟ್ಟ. ಅಪ್ಪಟ ಕೋಟೆಯ ಕಾವಲು ಬತೇರಿ! ಎಷ್ಟು ಚೆನ್ನಾಗಿತ್ತೆಂದರೆ, ಆಮೇಲೆ ಪ್ರಸಾರವಾದ ಕಂತಿನಲ್ಲಿ ಪಾಳೇಗಾರರು ನಾಡಿನ ಮೇಲೆ ಆಣೆ ಇಟ್ಟು ಪ್ರತಿಜ್ಞೆ ಮಾಡುವಾಗ ಹಿಂದುಗಡೆ ಹೆಮ್ಮೆಯಿಂದ ನಿಂತಿರುವುದು ಅದೇ. ನಾಡೆಲ್ಲ ನೋಡಿತು, ಯಾರಿಗೂ ಗೊತ್ತಾಗಲಿಲ್ಲ. ಗಾಳಿಯಂತ್ರವನ್ನು ಅಡಗಿಸಲು ಅದನ್ನೇ ಅಡ್ಡ ಇಟ್ಟುಕೊಂಡಿದ್ದರಂತೆ.

ಅತ್ತೆ ಹೋಗಿ ಒಳಗಿನ ಚಿಲಕವನ್ನು ಹತ್ತು ಸಲ ಹಾಕಿ ತೆಗೆದು ನೋಡಿದಳು. ಆಮೇಲೆ ನನಗೆ "ಏಳು" ಎಂದಳು. ಸೊಂಟದಿಂದ ಟೂತ್ ಬ್ರಷ್ಷಿನ ಹಿಡಿ ತೆಗೆದು, ಅದರ ತೂತಿಗೆ ಲಾಡಿ ಸಿಕ್ಕಿಸಿ, ಪೋಣಿಸಲು ಕುಳಿತಳು. ಪಾಳೇಗಾರರೇ ಮುಂದೆ ಬಂದು ಕುಳಿತು, "ನಿಮ್ಮ ಬಗ್ಗೆ ನಂಗೆ ಗೊತ್ತೇ ಇರ್ಲಿಲ್ಲಮ್ಮ" ಎಂದರು. "ಗೊತ್ತಿರಾಕೆ ನಾನೇನು ಪರದೆ ಮ್ಯಾಲೆ ಬರ್ತೀನಾ? ಕೈ ಎತ್ರಿ" ಎಂದು ಅತ್ತೆ ಅವರ ಲಾಡಿ ಬಿಗಿದಳು. ಬಿಸಿಲು ಇಳಿಯುವ ಮುಂಚೆ ಯುದ್ಧ ಮುಗಿಯಿತು. ಯಾರು ಗೆದ್ದರು ಎಂದು ನನ್ನನ್ನು ಕೇಳಬೇಡಿ. ನಾನೂ ಅತ್ತೆಯ ಹಾಗೆ ಲಾಡಿ ನೋಡುತ್ತ ಕುಳಿತುಬಿಟ್ಟಿದ್ದೆ.

ಆ ಧಾರಾವಾಹಿಯ ಮುಂದಿನ ಶೂಟಿಂಗಿಗೆ ಅತ್ತೆಯನ್ನು ಕರೆಯಲಿಲ್ಲ. ಅದು ನಿರೀಕ್ಷಿಸಿದ್ದೇ. ಅದು ಶುರುವಾದ ಮೇಲೆ ಒಂದು ದಿನ ತಿಪ್ಪಮ್ಮ ಅಲ್ಲಿಂದ ಫೋನು ಮಾಡಿ ಏನೋ ಹೇಳಿದಳು. ಅತ್ತೆ ಫೋನು ಇಟ್ಟು ನನಗೆ ಹೇಳಿದಳು, "ನನ್ನ ಕರೀಲಿಲ್ಲ, ಬಿಡು. ಈ ಸಲ ಬಂದಿಳಿದ ದಿನವೇ ಮೊದ್ಲು ಕಕ್ಕಸು ಕಟ್ಟವ್ರಂತೆ. ಆಮೇಲೆ ಅರಮನೆ ಕಟ್ಟಿದ್ರಂತೆ." ಹೇಳುವಾಗ ಅವಳ ಮುಖದ ತುಂಬ ಸಂತೋಷ.

ಆದರೆ ನಾನು ಹೇಳಬೇಕಾದದ್ದು ಆ ಭಾನುವಾರದ ಸಂಜೆಯದು. ಯುದ್ಧ ಮುಗಿದು ಎಲ್ಲರೂ ಕಾಫಿ ಕುಡಿಯುತ್ತಿದ್ದರು. ಉಳಿದ ನಾಲ್ಕು ಜನ ಹೆಂಗಸರೂ ಸರದಿಯ ಮೇಲೆ ಹೋಗಿ ಬಂದಿದ್ದರು. ತಿಪ್ಪಮ್ಮ ಎರಡು ಸಲ. ರೇಷ್ಮಾ ಬಾಟಲಿ ಎತ್ತಿ ಗಟಗಟ ನೀರು ಕುಡಿದಳು, ಎಲ್ಲರೂ ನೋಡುವ ಹಾಗೆ. ಅತ್ತೆ ಮಾತ್ರ ಬಾಗಿಲಿನ ಪಕ್ಕದಲ್ಲಿ ಕಾವಲಿನವಳ ಹಾಗೆ ನಿಂತೇ ಇದ್ದಳು.

"ಚಿಲಕ ಐತಲ್ಲತ್ತೆ, ಯಾಕೆ ನಿಂತಿದೀಯ? ನೀನು ಹೋಗಿ ಬಂದೆಯಾ?"

"ನನಗೆಲ್ಲಿ ಬರ್ತೈತೆ ಕಣೋ" ಎಂದಳು, ಬಹಳ ಸಾಧಾರಣ ದನಿಯಲ್ಲಿ. "ಬೆಳಕು ಹರಿದಾಗಿಂದ ಕತ್ತಲಾಗಾ ತನಕ ಬರಾದೇ ಇಲ್ಲ. ಮೂವತ್ತು ವರ್ಷ ಕಟ್ಕಂಡು ಕಟ್ಕಂಡು ಮೈಗೆ ಮರ್ತೇ ಹೋಗೈತೆ. ಆ ಹುಡುಗಿಗಿನ್ನೂ ಇಪ್ಪತ್ತೆರಡು. ಅವಳ ಮೈಗೆ ಮರೀಬಾರ್ದು ಅಂತ."

ನಾನು ಅವಳ ಅಣ್ಣನ ಮಗ. ಅವಳ ಟ್ರಂಕನ್ನು ಎಷ್ಟು ಸಲ ಬಸ್ಸಿನ ಮೇಲೆ ಹತ್ತಿಸಿದ್ದೇನೆ, ಅವಳ ಬಗ್ಗೆ ಎಷ್ಟು ಜನರೆದುರು ಕಥೆ ಕಟ್ಟಿ ನಗಿಸಿದ್ದೇನೆ. ಒಂದು ದಿನವೂ, ಒಂದೇ ಒಂದು ದಿನವೂ, ಇದು ನನಗೆ ಹೊಳೆದಿರಲಿಲ್ಲ. ನಾಚಿಕೆಯಾಯಿತು.

ರೇಷ್ಮಾ ಬಂದು ಅತ್ತೆಯ ಕೈ ಹಿಡಿದಳು. "ಬಾ ಆಂಟಿ, ಬರ್ದಿದ್ರೂ ಪರ್ವಾಗಿಲ್ಲ. ಸುಮ್ನೆ ಒಳಗೆ ಹೋಗು. ನೀನು ಹೋಗ್ದೆ ಇದ್ರೆ ಇದು ಆದಂಗಲ್ಲ." ನಗುತ್ತ ಎಳೆದುಕೊಂಡು ಹೋಗಿ ಒಳಗೆ ಬಿಟ್ಟು, ನಾಯಕಿ ಕರೆದಳೆಂದು ಓಡಿದಳು. ಒಳಗೆ ಚಿಲಕ ಬಿದ್ದ ಸದ್ದು ಕೇಳಿತು.

ಐದು ನಿಮಿಷವಾಯಿತು, ಹತ್ತಾಯಿತು. ಸದ್ದಿಲ್ಲ. ನನಗೆ ಗಾಬರಿ. ಬಾಗಿಲ ಹತ್ತಿರ ಹೋಗಿ, "ಅತ್ತೇ? ಹುಷಾರಾಗಿದೀಯೇನೇ?" ಎಂದೆ.

"ಹ್ಞೂಂ ಕಣೋ, ಏನೂ ಆಗಿಲ್ಲ." ಅವಳ ದನಿ ಬೇರೆಯಾಗಿತ್ತು. "ಬಕೀಟು ಬೋರಲು ಹಾಕ್ಕಂಡು ಸುಮ್ಕೆ ಕುಂತೀನಿ. ಇಷ್ಟು ವರ್ಷದಾಗೆ ಕೆಲ್ಸದ ಜಾಗದಾಗೆ ನಾನು ಬಾಗಲು ಹಾಕ್ಕಂಡಿರಾದು ಇದೇ ಮೊದ್ಲು. ಇಲ್ಲಿ ಯಾರೂ ಕಾಣಲ್ಲ, ಯಾರಿಗೂ ನಾನೂ ಕಾಣಲ್ಲ. ಇನ್ನೊಂದೀಟೊತ್ತು ಕುಂತಿರ್ತೀನಿ, ಆತಾ?"

"ಕುಂತ್ಕ" ಅಂದೆ.

ಮ್ಯಾನೇಜರು ಕೈಯಲ್ಲಿ ಪಾಳೇಗಾರರ ಶಲ್ಯ ಹಿಡಿದುಕೊಂಡು ದಾಪುಗಾಲಲ್ಲಿ ಬಂದರು. "ಎಲ್ಲಿ ಸಾರ್ ಆಯಮ್ಮ? ಇನ್ನೊಂದು ಶಾಟ್ ಇದೆ, ಇದು ಅರ್ಜೆಂಟಾಗಿ ಇಸ್ತ್ರಿ ಆಗ್ಬೇಕು, ಬೆಳಕು ಹೋಗ್ತಿದೆ, ಕರೀರಿ ಬೇಗ!" ಅವರ ಹಿಂದೆ ಡೈರೆಕ್ಟರೂ ಬರುತ್ತಿದ್ದರು. ನಾನು ಹುಟ್ಟಿದಾರಭ್ಯ ಯಾವ ಸಾಹೇಬರಿಗೂ ಎದುರಾಡಿದವನಲ್ಲ. ಬಾಗಿಲಿಗೆ ಬೆನ್ನು ಕೊಟ್ಟು ನಿಂತೆ.

"ಒಳಗವ್ರೆ" ಅಂದೆ. "ಈಗ ಬರಲ್ಲ. ಅವ್ರು ಬರಾ ತನಕ ಎಲ್ರೂ ಕಾಯ್ರಿ."